ಮನೆ ಅಡವಿಟ್ಟು ಕಳಿಸಿದ ಪೈಲ್ವಾನ: ಖಾಶಾಬಾ ಜಾಧವ

ಕೊಲ್ಲಾಪುರ: ನಮ್ಮ ಗಡಿಭಾಗದ ಹಳ್ಳಿಗಳಲ್ಲಿ ಜಾತ್ರೆ ಎಂದ ಮೇಲೆ ಕುಸ್ತಿ ಇರಲೇಬೇಕು. ಹಲಗಿಯ ಸದ್ದು ಕೇಳಿತೆಂದರೆ ಗಡಹಿಂಗ್ಲಜ ಕಡೆಯ ರೈತರು, ಇಚಲಕರಂಜಿಯ ಮಗ್ಗದ ಕೆಲಸಗಾರರು, ನಿಪ್ಪಾಣಿ, ಸಂಕೇಶ್ವರ, ಚಿಕ್ಕೋಡಿ ಕಡೆಯ ಹುಡುಗರು ಎಲ್ಲರೂ ಮೈದಾನದ ಸುತ್ತ ಬಂದು ಕೂಡುತ್ತಾರೆ. ಅಲ್ಲಿ ಕನ್ನಡವೂ ನಡೆಯುತ್ತದೆ, ಮರಾಠಿಯೂ ನಡೆಯುತ್ತದೆ. ಭಾಷೆಯ ಭೇದ ಇಲ್ಲದ ಆ ಮೈದಾನದಲ್ಲಿ ಒಂದು ಭೇದ ಮಾತ್ರ ಮೊದಲಿನಿಂದಲೂ ಇದೆ. ಅದು ದೊಡ್ಡ ಪೈಲ್ವಾನ, ಸಣ್ಣ ಪೈಲ್ವಾನ ಎಂಬ ಭೇದ. ಬಿಸಿಲು ಇಳಿಯುವ ಮೊದಲು ಸಣ್ಣವರ ಜೋಡಿಗಳು ಮುಗಿಯುತ್ತವೆ. ಕೊನೆಯ ಕುಸ್ತಿ, ಗದೆ, ಬೆಳ್ಳಿ ಕಡಗ, ದೊಡ್ಡ ಇನಾಮು ಎಲ್ಲ ಭಾರೀ ಮೈಯವರ ಪಾಲು.

ಆದರೆ ದೇಶಕ್ಕೆ ಸ್ವಾತಂತ್ರ್ಯ ಬಂದ ಮೇಲೆ ಒಲಿಂಪಿಕ್ಸ್‌ನಲ್ಲಿ ಒಬ್ಬಂಟಿಯಾಗಿ ಹೋರಾಡಿ ಮೊದಲ ಪದಕ ತಂದವರು ಈ ಭಾರೀ ಮೈಯವರಲ್ಲ. ಕೊಲ್ಲಾಪುರದ ತಾಲೀಮುಗಳ ಲೆಕ್ಕದಲ್ಲಿ ಸಣ್ಣ ಜೋಡಿಗೆ ಸೇರಬೇಕಾದ, 57 ಕಿಲೋ ತೂಕದ ವಿಭಾಗದಲ್ಲಿ ಹೋರಾಡಿದ ಖಾಶಾಬಾ ದಾದಾಸಾಹೇಬ ಜಾಧವರು. ವರ್ಷ 1952, ಊರು ಫಿನ್ಲೆಂಡ್ ದೇಶದ ಹೆಲ್ಸಿಂಕಿ.

ಈ ಕಥೆ ಗೊತ್ತಿಲ್ಲದವರು ನಮ್ಮ ಕಡೆ ಕಡಿಮೆ. ಆದರೆ ಆ ಪದಕಕ್ಕೆ ಹಣ ಎಲ್ಲಿಂದ ಬಂತು, ಬಂದ ಮೇಲೆ ಅವರಿಗೆ ಏನಾಯಿತು ಎನ್ನುವುದು ಅಷ್ಟಾಗಿ ಗೊತ್ತಿಲ್ಲ. ಹಾಗಾಗಿ ಒಮ್ಮೆ ಮೊದಲಿನಿಂದ ಹೇಳುವುದು ಒಳ್ಳೆಯದು.

ಖಾಶಾಬಾ ಹುಟ್ಟಿದ್ದು 1926ರ ಜನವರಿ 15ರಂದು, ಸಾತಾರಾ ಜಿಲ್ಲೆಯ ಕರಾಡ ಬಳಿಯ ಗೋಳೇಶ್ವರ ಎಂಬ ಹಳ್ಳಿಯಲ್ಲಿ. ತಂದೆ ದಾದಾಸಾಹೇಬರು ಹೆಸರಾಂತ ಪೈಲ್ವಾನರು. ಐವರು ಗಂಡುಮಕ್ಕಳಲ್ಲಿ ಖಾಶಾಬಾ ಕೊನೆಯವರು. ತಂದೆಯೇ ಮೊದಲ ವಸ್ತಾದ. ಮನೆಯಲ್ಲೇ ಮಟ್ಟಿ, ಮನೆಯಲ್ಲೇ ಸಾಮು. ಹೈಸ್ಕೂಲು ಓದಿದ್ದು ಕರಾಡದ ಟಿಳಕ ಹೈಸ್ಕೂಲಿನಲ್ಲಿ, 1940ರಿಂದ 1947ರವರೆಗೆ. ಆ ವರ್ಷಗಳನ್ನು ನೋಡಿದರೆ ಉಳಿದದ್ದನ್ನು ಊಹಿಸಬಹುದು. ಚಲೇಜಾವ್ ಚಳವಳಿ ನಡೆದದ್ದು, ಸಾತಾರಾ ಭಾಗದಲ್ಲಿ ನಾನಾ ಪಾಟೀಲರ ಪ್ರತಿ ಸರಕಾರ ನಡೆದದ್ದು ಆಗಲೇ. ಭೂಗತರಾಗಿದ್ದ ಚಳವಳಿಗಾರರಿಗೆ ಅಡಗುವ ಜಾಗ ಕೊಡುವುದು, ಅವರ ಪತ್ರಗಳನ್ನು ಕೈಯಿಂದ ಕೈಗೆ ಮುಟ್ಟಿಸುವುದು ಇಂಥ ಕೆಲಸಗಳಲ್ಲಿ ಈ ಹುಡುಗನ ಪಾಲೂ ಇತ್ತು.

ಮುಂದೆ ಕಾಲೇಜಿಗೆಂದು ಕೊಲ್ಲಾಪುರಕ್ಕೆ ಬಂದರು. ರಾಜಾರಾಮ ಕಾಲೇಜು ಸೇರಿದರು. ಗಡಿಭಾಗದ ಕನ್ನಡಿಗರಿಗೆ ಈ ಕಾಲೇಜು ಪರಕೀಯವಲ್ಲ. ಕನ್ನಡದ ಹಿರಿಯ ಸಾಹಿತಿ ವಿ.ಕೃ. ಗೋಕಾಕರೂ ಕೆಲಕಾಲ ಇಲ್ಲಿ ಪ್ರಾಂಶುಪಾಲರಾಗಿದ್ದರು.

ಕುಸ್ತಿಯ ಹುಡುಗನಿಗೆ ಕೊಲ್ಲಾಪುರಕ್ಕಿಂತ ದೊಡ್ಡ ಊರು ಆಗ ಇನ್ನೊಂದಿರಲಿಲ್ಲ. ಕಾರಣ ಛತ್ರಪತಿ ಶಾಹೂ ಮಹಾರಾಜರು. 1894ರಿಂದ 1922ರಲ್ಲಿ ತೀರಿಕೊಳ್ಳುವವರೆಗೆ ಆಳಿದ ಶಾಹೂ ಮಹಾರಾಜರು ಸ್ವತಃ ಸಾಮು ಮಾಡಿದವರು. ಎಲ್ಲ ಜಾತಿಯ ಹುಡುಗರಿಗೆ ತಾಲೀಮಿನ ಬಾಗಿಲು ತೆರೆದವರು, ಪಂಜಾಬದಿಂದ ಪೈಲ್ವಾನರನ್ನು ಕರೆಸಿ ಆಶ್ರಯ ಕೊಟ್ಟವರು. 1902ರಲ್ಲಿ ಇಂಗ್ಲೆಂಡಿಗೆ ಹೋದಾಗ ರೋಮ್ ನಗರದ ಹಳೆಯ ವೃತ್ತಾಕಾರದ ರಂಗವನ್ನು ನೋಡಿ ಬಂದು, ಅದೇ ನಮೂನೆಯಲ್ಲಿ ಖಾಸಬಾಗ ಮೈದಾನ ಕಟ್ಟಿಸಿದರು. ಅದು 1912ರಲ್ಲಿ ಸಿದ್ಧವಾಯಿತು. ನಡುವೆ ಕೆಂಪು ಮಟ್ಟಿಯ ಅಖಾಡ, ಸುತ್ತಲೂ ಬೋಗುಣಿಯಂತೆ ಏರುವ ಕೂಡುವ ಜಾಗ. ಎಲ್ಲಿ ಕೂತರೂ ಪೈಲ್ವಾನ ಕಾಣುತ್ತಾನೆ. ಇಂದಿಗೂ ಅಲ್ಲಿ ಕುಸ್ತಿ ನೋಡಿದವರಿಗೆ ಇದನ್ನು ವಿವರಿಸಬೇಕಿಲ್ಲ.

ಕೊಲ್ಲಾಪುರದ ತಾಲೀಮುಗಳಿಗೆ ಗಡಿಯಾಚೆಯ ನಮ್ಮ ಹಳ್ಳಿಗಳಿಂದಲೂ ಹುಡುಗರು ಹೋಗುತ್ತಿದ್ದರು. ಚಿಕ್ಕೋಡಿ ತಾಲೂಕಿನ ಯಕ್ಸಂಬಾದಲ್ಲಿ ಹುಟ್ಟಿದ ಶ್ರೀಪತಿ ಖಂಚನಾಳೆ ಕೊಲ್ಲಾಪುರದಲ್ಲಿ ತಯಾರಾಗಿ, 1959ರಲ್ಲಿ ದಿಲ್ಲಿಯಲ್ಲಿ ಪಂಜಾಬದ ಬಂತಾ ಸಿಂಗ್‌ನನ್ನು ಸೋಲಿಸಿ ಮೊದಲ ಹಿಂದ್ ಕೇಸರಿ ಆದರು. 2020ರ ಡಿಸೆಂಬರಿನಲ್ಲಿ ಅವರು ತೀರಿಕೊಂಡಾಗ ಗಡಿಯ ಎರಡೂ ಕಡೆ ಜನ ಕಣ್ಣೀರು ಹಾಕಿದರು. ಆದರೆ ಖಂಚನಾಳೆಯವರದು ಆನೆಯಂಥ ಮೈ. ನೋಡಿದೊಡನೆ ಪೈಲ್ವಾನ ಎನ್ನಬಹುದಿತ್ತು. ಖಾಶಾಬಾ ಹಾಗಿರಲಿಲ್ಲ.

1948ರಲ್ಲಿ ರಾಜಾರಾಮ ಕಾಲೇಜಿನ ವಾರ್ಷಿಕ ಕ್ರೀಡಾಕೂಟ. ಕುಸ್ತಿಗೆ ಹೆಸರು ಕೊಡಲು ಹೋದ ಖಾಶಾಬಾರ ಮೈಕಟ್ಟು ನೋಡಿ ಕ್ರೀಡಾ ಶಿಕ್ಷಕರು ಒಪ್ಪಲಿಲ್ಲ. ಇಷ್ಟು ಸಣ್ಣ ಹುಡುಗ ಪೆಟ್ಟು ಮಾಡಿಕೊಂಡಾನು ಎಂಬ ಭಯವೂ ಇದ್ದೀತು. ಹುಡುಗ ನೇರವಾಗಿ ಪ್ರಾಂಶುಪಾಲ ಖರ್ಡೇಕರರ ಹತ್ತಿರ ಹೋದ. ಅವರು ಅನುಮತಿ ಕೊಟ್ಟರು. ಅಖಾಡಕ್ಕೆ ಇಳಿದ ಖಾಶಾಬಾ ತಮಗಿಂತ ಮೈಯಲ್ಲಿ ದೊಡ್ಡವರನ್ನು ಒಬ್ಬರ ಮೇಲೊಬ್ಬರಂತೆ ಬೀಳಿಸಿದರು. ಖರ್ಡೇಕರ ಎಂಬ ಹೆಸರನ್ನು ಓದುಗರು ನೆನಪಿಟ್ಟುಕೊಳ್ಳಬೇಕು, ಮುಂದೆ ಮತ್ತೆ ಬರುತ್ತದೆ.

ಖಾಶಾಬಾರ ಬಲ ತೂಕದಲ್ಲಿ ಇರಲಿಲ್ಲ, ಚಪಲತೆಯಲ್ಲಿ ಇತ್ತು. ಢಾಕ್ ಎಂಬ ಡಾವು ಅವರಿಗೆ ಕರಗತವಾಗಿತ್ತು. ಎದುರಾಳಿಯ ತಲೆಯನ್ನು ತೋಳಿನಲ್ಲಿ ಬಿಗಿದು, ತನ್ನ ಸೊಂಟದ ಮೇಲಿಂದ ತಿರುವಿ ನೆಲಕ್ಕೆ ಒಗೆಯುವ ಡಾವು ಅದು. ಬಾಬುರಾವ್ ಬಲಾವಡೆ ಮತ್ತು ಬೇಲಾಪುರೆ ಗುರೂಜಿ ಅವರನ್ನು ತಿದ್ದಿದವರು.

ಅದೇ 1948ರಲ್ಲಿ ಲಂಡನ್ ಒಲಿಂಪಿಕ್ಸ್ ಬಂತು. ಕೊಲ್ಲಾಪುರದ ಮಹಾರಾಜರು ಖರ್ಚು ಕೊಟ್ಟು ಕಳಿಸಿದರು. ಅಲ್ಲಿ ಹೋದ ಮೇಲೆ ಖಾಶಾಬಾರಿಗೆ ಮೊದಲ ಬಾರಿಗೆ ಗೊತ್ತಾದದ್ದು, ಇದು ತಾವು ಆಡಿದ ಕುಸ್ತಿಯೇ ಅಲ್ಲ ಎಂದು. ನಮ್ಮ ಮಟ್ಟಿಯ ಕುಸ್ತಿಯಲ್ಲಿ ಬೆನ್ನು ನೆಲಕ್ಕೆ ಹತ್ತಿಸಿದರೆ ಗೆಲುವು, ಇಲ್ಲವೆಂದರೆ ತಾಸುಗಟ್ಟಲೆ ಆಡಿ ಬರೋಬರಿ. ಅಲ್ಲಿ ಮಟ್ಟಿಯ ಬದಲು ಮ್ಯಾಟು. ಗಡಿಯಾರದ ಲೆಕ್ಕ, ಅಂಕದ ಲೆಕ್ಕ, ಮೂವರು ತೀರ್ಪುಗಾರರು. ಮಟ್ಟಿಯಲ್ಲಿ ಕಾಲಿನ ಹಿಡಿತ ಬೇರೆ, ಮ್ಯಾಟಿನ ಮೇಲೆ ಬೇರೆ. ಅಮೆರಿಕದ ಮಾಜಿ ಕುಸ್ತಿಪಟು ರೀಸ್ ಗಾರ್ಡ್ನರ್ ಅಲ್ಲಿಯೇ ಅವರಿಗೆ ಈ ಪಾಠಗಳನ್ನು ಹೇಳಿಕೊಟ್ಟರು. ಅಷ್ಟರಲ್ಲೇ ಆಸ್ಟ್ರೇಲಿಯಾದ ಬರ್ಟ್ ಹ್ಯಾರಿಸ್, ಅಮೆರಿಕದ ಬಿಲ್ಲಿ ಜರ್ನಿಗನ್ ಇವರನ್ನು ಸೋಲಿಸಿ, ಇರಾನಿನ ಮನ್ಸೂರ್ ರಯೀಸಿಗೆ ಸೋತು, 52 ಕಿಲೋ ವಿಭಾಗದಲ್ಲಿ 6ನೇ ಸ್ಥಾನ ಪಡೆದರು. ಮ್ಯಾಟನ್ನು ಮೊದಲ ಸಲ ಮೆಟ್ಟಿದವನಿಗೆ ಇದು ಸಣ್ಣ ಮಾತಲ್ಲ.

ಮುಂದಿನ ನಾಲ್ಕು ವರ್ಷ ಬೇರೆ ಯೋಚನೆ ಇಲ್ಲ. ಒಂದು ತೂಕ ಮೇಲೇರಿ 57 ಕಿಲೋ ವಿಭಾಗಕ್ಕೆ ತಯಾರಾದರು. ಆದರೆ ಹೆಲ್ಸಿಂಕಿಗೆ ಹೋಗುವ ದಾರಿಯಲ್ಲಿ ಅಖಾಡದ ಹೊರಗೆ ಎರಡು ಕುಸ್ತಿ ಆಡಬೇಕಾಯಿತು.

ಮೊದಲನೆಯದು ಆಯ್ಕೆಯದು. ಮದರಾಸಿನಲ್ಲಿ ನಡೆದ ರಾಷ್ಟ್ರೀಯ ಸ್ಪರ್ಧೆಯಲ್ಲಿ ಒಂದೇ ಅಂಕದಿಂದ ಅವರನ್ನು ಹಿಂದೆ ಹಾಕಲಾಯಿತು. ತಮ್ಮವರನ್ನು ಕಳಿಸುವ ಸಲುವಾಗಿ ಬೇಕೆಂದೇ ಹೀಗೆ ಮಾಡಿದರು ಎಂಬುದು ಖಾಶಾಬಾರ ದೂರು. ಬೇರೆಯವರಾಗಿದ್ದರೆ ಹಣೆಬರಹ ಎಂದು ಊರಿಗೆ ಮರಳುತ್ತಿದ್ದರು. ಇವರು ಕ್ರೀಡಾಪ್ರೇಮಿಯಾಗಿದ್ದ ಪಟಿಯಾಲಾ ಮಹಾರಾಜರ ತನಕ ದೂರು ಒಯ್ದರು. ಮಹಾರಾಜರು ಮತ್ತೊಂದು ಅವಕಾಶ ಕೊಡಿಸಿದರು. ಖಾಶಾಬಾ ಎದುರಾಳಿಯನ್ನು ಚಿತ್ ಮಾಡಿ ತಂಡಕ್ಕೆ ಸೇರಿದರು.

ಎರಡನೆಯದು ಹಣದ್ದು. ಕೊಲ್ಲಾಪುರ ಸಂಸ್ಥಾನ 1949ರಲ್ಲೇ ಮುಂಬಯಿ ರಾಜ್ಯದಲ್ಲಿ ವಿಲೀನವಾಗಿತ್ತು. ಲಂಡನ್ನಿಗೆ ಕಳಿಸಿದ ದರ್ಬಾರು ಈಗ ಇರಲಿಲ್ಲ. ಕೇಳಬೇಕಾದದ್ದು ಸರಕಾರವನ್ನು. ಆಗಿನ ಮುಂಬಯಿ ರಾಜ್ಯ ಎಂದರೆ ಕೊಲ್ಲಾಪುರ, ಸಾತಾರಾ ಮಾತ್ರವಲ್ಲ, ಬೆಳಗಾವಿ, ವಿಜಾಪುರ, ಧಾರವಾಡ, ಕಾರವಾರವೂ ಸೇರಿದ ರಾಜ್ಯ. ನಮ್ಮ ಅಜ್ಜಂದಿರಿಗೂ ಖಾಶಾಬಾರಿಗೂ ಅಂದು ಒಂದೇ ಸರಕಾರ, ಒಬ್ಬರೇ ಮುಖ್ಯಮಂತ್ರಿ: ಮೊರಾರ್ಜಿ ದೇಸಾಯಿ. 4,000 ರೂಪಾಯಿ ಕೊಡಿ ಎಂದು ಮಾಡಿದ ಮನವಿಗಳಿಗೆ ಹೊತ್ತಿಗೆ ಫಲ ಸಿಗಲಿಲ್ಲ.

ಆಗ ಗೋಳೇಶ್ವರದ ಜನ ಎದ್ದರು. ಮನೆಮನೆಗೆ ಹೋಗಿ ವರ್ಗಣಿ ಎತ್ತಿದರು. ಅಂಗಡಿಯವರು ಕೊಟ್ಟರು, ರೈತರು ಕೊಟ್ಟರು. ಹಳ್ಳಿಯ ವರ್ಗಣಿಯಿಂದ ದೇವಸ್ಥಾನ ಕಟ್ಟುವುದು ನಾವು ಕಂಡ ವಿಷಯ. ಒಬ್ಬ ಹುಡುಗನನ್ನು ಫಿನ್ಲೆಂಡಿಗೆ ಕಳಿಸಲು ವರ್ಗಣಿ ಎತ್ತಿದ ಹಳ್ಳಿಗಳು ಎಷ್ಟಿವೆ? ಆದರೂ ಹಣ ಸಾಲಲಿಲ್ಲ. ಆಗ ಮುಂದೆ ಬಂದವರು ರಾಜಾರಾಮ ಕಾಲೇಜಿನ ಅದೇ ಖರ್ಡೇಕರರು. ತಮ್ಮ ಮನೆಯನ್ನು ಅಡವಿಟ್ಟು 7,000 ರೂಪಾಯಿ ತಂದು ಕೈಗಿತ್ತರು.

ಇದನ್ನು ಒಂದು ಗಳಿಗೆ ಯೋಚಿಸಿ ನೋಡಬೇಕು. ಮಗನ ಓದಿಗೆ, ಮಗಳ ಮದುವೆಗೆ ಮನೆ ಅಡವಿಡುವುದು ನಮ್ಮ ಕಡೆ ಹೊಸದಲ್ಲ. ಖಾಶಾಬಾ ಖರ್ಡೇಕರರಿಗೆ ಮಗನಲ್ಲ, ಬಂಧುವಲ್ಲ, ಹಳೆಯ ವಿದ್ಯಾರ್ಥಿ ಅಷ್ಟೇ. ಗೆದ್ದೇ ಬರುತ್ತಾನೆಂಬ ಭರವಸೆ ಯಾರಿಗೂ ಇರಲಿಲ್ಲ. ಭಾರತದವರು ಯಾರೂ ಅಲ್ಲಿಯವರೆಗೆ ಒಲಿಂಪಿಕ್ ಕುಸ್ತಿಯಲ್ಲಿ ಪದಕ ತಂದಿರಲಿಲ್ಲ. ಸೋತು ಬಂದಿದ್ದರೆ ಮನೆ ಹೋಗುತ್ತಿತ್ತು.

ಹೆಲ್ಸಿಂಕಿಯಲ್ಲಿ ಕುಸ್ತಿ ಸ್ಪರ್ಧೆ ನಡೆದದ್ದು ಜುಲೈ ತಿಂಗಳಲ್ಲಿ. ಖಾಶಾಬಾ ಕೆನಡಾದ ಆಡ್ರಿಯನ್ ಪೊಲಿಕನ್, ಮೆಕ್ಸಿಕೋದ ಲಿಯೊನಾರ್ಡೊ ಬಸುರ್ತೊ, ಜರ್ಮನಿಯ ಫರ್ಡಿನಾಂಡ್ ಶ್ಮಿಟ್ಜ್ ಈ ಮೂವರನ್ನು ಸೋಲಿಸಿದರು. ಉಳಿದವರು ಇಬ್ಬರು: ಜಪಾನಿನ ಶೋಹಾಚಿ ಇಶಿಯಿ ಮತ್ತು ಸೋವಿಯತ್ ದೇಶದ ರಶೀದ್ ಮಮ್ಮದ್‌ಬೆಯೊವ್. ಯುದ್ಧದ ಕಾರಣಕ್ಕೆ ಜಪಾನನ್ನು ಲಂಡನ್ನಿಗೆ ಕರೆದಿರಲಿಲ್ಲ. ಸೋವಿಯತ್ ದೇಶಕ್ಕೆ ಹೆಲ್ಸಿಂಕಿಯೇ ಮೊದಲ ಒಲಿಂಪಿಕ್ಸ್. ಇಬ್ಬರೂ ಹಸಿದು ಬಂದವರು.

ಇಶಿಯಿ ಜತೆಗಿನ ಕುಸ್ತಿ ಹತ್ತಿರ ಹತ್ತಿರ ಕಾಲು ತಾಸು ನಡೆಯಿತು. ಒಲಿಂಪಿಕ್ ಕುಸ್ತಿಗೆ ಆಗ ಇದ್ದ ಪೂರ್ತಿ ಸಮಯವೇ 15 ನಿಮಿಷ. ಖಾಶಾಬಾ ಸೋತರು. ನಿಯಮದ ಪ್ರಕಾರ ಎರಡು ಕುಸ್ತಿಗಳ ನಡುವೆ ಅರ್ಧ ತಾಸು ವಿಶ್ರಾಂತಿ ಸಿಗಬೇಕು. ಸಿಗಲಿಲ್ಲ. ಅದನ್ನು ಕೇಳಿ ಪಡೆಯಲು ಭಾರತದ ಅಧಿಕಾರಿಗಳು ಯಾರೂ ಆ ಹೊತ್ತಿಗೆ ಅಲ್ಲಿ ಇರಲಿಲ್ಲ ಎಂಬುದು ಅಂದಿನಿಂದ ಇಂದಿನವರೆಗೂ ಹೇಳುತ್ತ ಬಂದ ಮಾತು. ದಣಿದ ಮೈಯಲ್ಲೇ ಮಮ್ಮದ್‌ಬೆಯೊವ್ ಎದುರು ಆಡಿ ಅಲ್ಲಿಯೂ ಸೋತರು. ಊರಿನ ಜನ ವರ್ಗಣಿ ಎತ್ತಿ ಕಳಿಸಿದ ಹುಡುಗನಿಗೆ ಅರ್ಧ ತಾಸು ಕೇಳಿ ಕೊಡುವವರು ಇರಲಿಲ್ಲ ಎಂದರೆ ಏನೆನ್ನಬೇಕು?

ಎರಡು ಸೋತರೂ ಪದಕ ಹೇಗೆ ಬಂತು ಎಂದು ಕೇಳುವವರಿದ್ದಾರೆ. ಆಗಿನ ಪದ್ಧತಿಯಲ್ಲಿ ಈಗಿನಂತೆ ಕಂಚಿಗೆ ಬೇರೆ ಕುಸ್ತಿ ಇರಲಿಲ್ಲ. ಪ್ರತಿ ಕುಸ್ತಿಗೆ ಕೆಟ್ಟ ಅಂಕ ಸೇರುತ್ತ ಹೋಗಿ, ಮಿತಿ ದಾಟಿದವರು ಹೊರಗೆ ಬೀಳುತ್ತಿದ್ದರು. ಕೊನೆಗೆ ಉಳಿದ ಮೂವರಿಗೆ ಮೂರು ಪದಕ. ಇಶಿಯಿಗೆ ಚಿನ್ನ, ಮಮ್ಮದ್‌ಬೆಯೊವ್‌ಗೆ ಬೆಳ್ಳಿ, ಖಾಶಾಬಾರಿಗೆ ಕಂಚು. ಆ ಸಲ ಜಪಾನಿಗೆ ಸಿಕ್ಕ ಏಕೈಕ ಚಿನ್ನ ಇಶಿಯಿಯದು. ಅಂದರೆ ಖಾಶಾಬಾ ಸೋತದ್ದು ಸಾಮಾನ್ಯರಿಗಲ್ಲ.

ಅದೇ ಹೆಲ್ಸಿಂಕಿಯಲ್ಲಿ ಕೊಲ್ಲಾಪುರದ ಇನ್ನೊಬ್ಬ ಪೈಲ್ವಾನ ಕೇಶವ ಮಾಣಗಾವೆ 62 ಕಿಲೋ ವಿಭಾಗದಲ್ಲಿ 4ನೇ ಸ್ಥಾನ ಪಡೆದರು. ಪದಕ ಕೂದಲೆಳೆಯಲ್ಲಿ ತಪ್ಪಿತು. ನಾಲ್ಕನೆಯವನನ್ನು ಲೋಕ ನೆನೆಯುವುದಿಲ್ಲ, ನಾವಾದರೂ ನೆನೆಯಬೇಕು.

ಖಾಶಾಬಾ ಕಂಚು ಗೆದ್ದದ್ದು ಜುಲೈ 23ರಂದು. ಮರುದಿನವೇ ಹಾಕಿ ಫೈನಲ್. ಬಲಬೀರ್ ಸಿಂಗ್ 5 ಗೋಲು ಹೊಡೆದು ಭಾರತ ಹಾಲೆಂಡನ್ನು 6-1ರಿಂದ ಸೋಲಿಸಿತು. ಚಿನ್ನದ ಮುಂದೆ ಕಂಚಿನ ಹೊಳಪು ಕಂಡೀತೆ? ಲೋಕದ ಕಣ್ಣಂತೂ ಬಾಕ್ಸಿಂಗ್‌ನ ಹೆವಿವೇಟ್ ಕಡೆಗಿತ್ತು. ಅಲ್ಲಿ ಸ್ವೀಡನ್ನಿನ ಇಂಗೆಮಾರ್ ಜೊಹಾನ್ಸನ್ ಫೈನಲ್‌ನಲ್ಲಿ ಸರಿಯಾಗಿ ಹೋರಾಡಲಿಲ್ಲವೆಂದು ಹೊರಗೆ ಹಾಕಿ ಬೆಳ್ಳಿ ಪದಕವನ್ನೇ ತಡೆಹಿಡಿದರು. ಅವರು 1959ರಲ್ಲಿ ಜಗತ್ತಿನ ಹೆವಿವೇಟ್ ಚಾಂಪಿಯನ್ ಆದರು, ತಡೆದಿದ್ದ ಬೆಳ್ಳಿ 1982ರಲ್ಲಿ ಅವರ ಕೈ ಸೇರಿತು. ಭಾರೀ ಮೈಯವರ ಸೋಲಿಗೂ ಸಿಗುವ ಸುದ್ದಿ ಸಣ್ಣ ಮೈಯವರ ಗೆಲುವಿಗೆ ಸಿಗುವುದಿಲ್ಲ. ಜಾತ್ರೆಯ ಮೈದಾನವಾಗಲಿ, ಹೆಲ್ಸಿಂಕಿಯಾಗಲಿ, ಎಲ್ಲ ಕಡೆ ಇದೇ ಲೆಕ್ಕ.

ಆದರೆ ಕರಾಡದ ಜನ ಹಾಗೆ ಲೆಕ್ಕ ಹಾಕಲಿಲ್ಲ. ಊರಿಗೆ ಬಂದ ಖಾಶಾಬಾರನ್ನು ನೂರಕ್ಕೂ ಹೆಚ್ಚು ಚಕ್ಕಡಿ ಕಟ್ಟಿಕೊಂಡು ಹೋಗಿ ಎದುರುಗೊಂಡರು. ಕರಾಡ ಸ್ಟೇಷನ್ನಿನಿಂದ ಗೋಳೇಶ್ವರಕ್ಕೆ ಕಾಲು ತಾಸಿನ ದಾರಿ. ಅಂದು ಆ ಮೆರವಣಿಗೆಗೆ ಏಳು ತಾಸು ಬೇಕಾಯಿತು.

ಮೆರವಣಿಗೆ ಮುಗಿದ ಮೇಲೆ ಖಾಶಾಬಾ ಮಾಡಿದ ಕೆಲಸ ಪದಕಕ್ಕಿಂತ ದೊಡ್ಡದು ಎಂದು ಈ ಲೇಖಕನ ಅನಿಸಿಕೆ. ಕೊಲ್ಲಾಪುರದಲ್ಲಿ ಕುಸ್ತಿ ಏರ್ಪಡಿಸಿದರು, ತಾವೂ ಅಖಾಡಕ್ಕೆ ಇಳಿದು ಆಡಿದರು. ಬಂದ ಹಣವನ್ನು ಖರ್ಡೇಕರರಿಗೆ ಒಪ್ಪಿಸಿ ಅವರ ಮನೆ ಬಿಡಿಸಿಕೊಟ್ಟರು. ಮ್ಯಾಟಿನ ಮೇಲೆ ಆದ ಸಾಲ ಮಟ್ಟಿಯಲ್ಲಿ ತೀರಿತು.

1955ರಲ್ಲಿ ಪೊಲೀಸ್ ಇಲಾಖೆಯಲ್ಲಿ ಸಬ್ ಇನ್‌ಸ್ಪೆಕ್ಟರ್ ಆಗಿ ಸೇರಿದರು. ಮೆಲ್ಬರ್ನ್ ಒಲಿಂಪಿಕ್ಸ್‌ಗೆ ಹೋಗುವ ಆಸೆ ಇತ್ತು, ಮೊಳಕಾಲಿನ ಪೆಟ್ಟು ಬಿಡಲಿಲ್ಲ. ಮುಂದೆ ಇಲಾಖೆಯ ಸ್ಪರ್ಧೆಗಳಲ್ಲಿ ಗೆದ್ದರು, ಇತರರಿಗೆ ಕಲಿಸಿದರು. ಸುಮಾರು 27 ವರ್ಷ ಸೇವೆ ಮಾಡಿ, ಸಹಾಯಕ ಪೊಲೀಸ್ ಕಮಿಷನರ್ ಹುದ್ದೆಯಲ್ಲಿ ನಿವೃತ್ತರಾದರು. ನಿವೃತ್ತಿಯ ನಂತರ ಪಿಂಚಣಿಗಾಗಿಯೂ ಓಡಾಡಬೇಕಾಯಿತು. ಕುಸ್ತಿ ಸಂಘಟನೆಗಳಿಗೆ ಅವರ ನೆನಪು ಇರಲಿಲ್ಲ. 1982ರ ದಿಲ್ಲಿ ಏಷ್ಯಾಡ್‌ನಲ್ಲಿ ಜ್ಯೋತಿಯ ಓಟಕ್ಕೆ ಕರೆದದ್ದು ಬದುಕಿದ್ದಾಗ ಸಿಕ್ಕ ಒಂದು ಗೌರವ. ಎರಡು ವರ್ಷ ಕಳೆಯುವಷ್ಟರಲ್ಲಿ, 1984ರ ಆಗಸ್ಟ್ 14ರಂದು, ರಸ್ತೆ ಅಪಘಾತದಲ್ಲಿ ಖಾಶಾಬಾ ತೀರಿಕೊಂಡರು. ಮರುದಿನ ಸ್ವಾತಂತ್ರ್ಯೋತ್ಸವ. ಅವರ ಪತ್ನಿ ನೆರವಿಗಾಗಿ ಪಟ್ಟ ಪಾಡು ಬೇರೆ.

ಸತ್ತ ಮೇಲೆ ಪ್ರಶಸ್ತಿಗಳು ಬರತೊಡಗಿದವು. ಮಹಾರಾಷ್ಟ್ರ ಸರಕಾರದ ಛತ್ರಪತಿ ಪ್ರಶಸ್ತಿ ತೊಂಬತ್ತರ ದಶಕದಲ್ಲಿ ಬಂತು. ಕೇಂದ್ರದ ಅರ್ಜುನ ಪ್ರಶಸ್ತಿ ಬರುವಷ್ಟರಲ್ಲಿ ಹೆಲ್ಸಿಂಕಿಗೆ ಅರ್ಧ ಶತಮಾನ ಹತ್ತಿರವಾಗಿತ್ತು. ಅಷ್ಟರೊಳಗೆ 1996ರಲ್ಲಿ ಲಿಯಾಂಡರ್ ಪೇಸ್ ಟೆನಿಸ್‌ನಲ್ಲಿ ಕಂಚು ತಂದು, ವೈಯಕ್ತಿಕ ಪದಕಕ್ಕಾಗಿ 44 ವರ್ಷ ಕಾದ ದೇಶಕ್ಕೆ ಖಾಶಾಬಾರ ಹೆಸರನ್ನು ಮತ್ತೆ ನೆನಪಿಸಿದ್ದರು. ಕುಸ್ತಿಯಲ್ಲಿ ಎರಡನೆಯ ಪದಕಕ್ಕೆ 2008ರಲ್ಲಿ ಸುಶೀಲ್ ಕುಮಾರ್ ಬರುವವರೆಗೆ, ಅಂದರೆ 56 ವರ್ಷ ಕಾಯಬೇಕಾಯಿತು. 2010ರ ಕಾಮನ್‌ವೆಲ್ತ್ ಕ್ರೀಡಾಕೂಟದ ಹೊತ್ತಿಗೆ ದಿಲ್ಲಿಯ ಕುಸ್ತಿ ಕ್ರೀಡಾಂಗಣಕ್ಕೆ ಅವರ ಹೆಸರು ಇಟ್ಟರು.

ಗೋಳೇಶ್ವರದಲ್ಲಿ ಅವರ ಹೆಸರಿನ ಕುಸ್ತಿ ಅಕಾಡೆಮಿ ಕಟ್ಟಿಕೊಡುವುದಾಗಿ ಸರಕಾರ ಮಾತು ಕೊಟ್ಟಿತ್ತು. ಮಾತು ಮಾತಾಗಿಯೇ ಉಳಿಯಿತೆಂದು 2017ರಲ್ಲಿ ಕುಟುಂಬದವರು ಬೇಸತ್ತು, ಪದಕವನ್ನೇ ಹರಾಜು ಹಾಕಿ ಆ ಹಣದಿಂದ ಅಕಾಡೆಮಿ ಕಟ್ಟುತ್ತೇವೆ ಎಂದು ಸಾರಿದರು. ಪದ್ಮ ಪ್ರಶಸ್ತಿಗಾಗಿ ಮಾಡಿದ ಮನವಿಗಳ ಕಥೆಯೂ ವರ್ಷಗಟ್ಟಲೆ ನಡೆಯಿತು. 2023ರ ಜನವರಿ 15ರಂದು, ಅವರ 97ನೇ ಹುಟ್ಟುಹಬ್ಬದ ದಿನ, ಗೂಗಲ್ ತನ್ನ ಮುಖಪುಟದಲ್ಲಿ ಖಾಶಾಬಾರ ಚಿತ್ರ ಹಾಕಿತು. ಅವರು ಯಾರೆಂದು ಅನೇಕ ಕಾಲೇಜು ಹುಡುಗರಿಗೆ ಗೊತ್ತಾದದ್ದೇ ಅಂದು.

2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಎರಡು ಸಂಗತಿ ನಡೆದವು. ಹರಿಯಾಣದ ಅಮನ್ ಸೆಹ್ರಾವತ್ ಕುಸ್ತಿಯಲ್ಲಿ ಕಂಚು ಗೆದ್ದರು, ತೂಕ ಅದೇ 57 ಕಿಲೋ. ಮತ್ತು ಕೊಲ್ಲಾಪುರ ಜಿಲ್ಲೆಯ ರಾಧಾನಗರಿ ತಾಲೂಕಿನ ಕಾಂಬಳವಾಡಿಯ ಸ್ವಪ್ನಿಲ್ ಕುಸಾಳೆ ರೈಫಲ್ ಶೂಟಿಂಗ್‌ನಲ್ಲಿ ಕಂಚು ತಂದರು. ಮಹಾರಾಷ್ಟ್ರಕ್ಕೆ ಖಾಶಾಬಾರ ನಂತರ 72 ವರ್ಷಕ್ಕೆ ಬಂದ ವೈಯಕ್ತಿಕ ಪದಕ ಅದು. ಪದಕ ಬಂದ ದಿನವೇ ಸರಕಾರ 1 ಕೋಟಿ ರೂಪಾಯಿ ಘೋಷಿಸಿತು. ಖಾಶಾಬಾ ಹೊರಡುವ ಮೊದಲು ಕೇಳಿದ್ದು 4,000.

ಗೋಳೇಶ್ವರದಲ್ಲಿ ಅವರ ಮನೆಯ ಹೆಸರು ಒಲಿಂಪಿಕ್ ನಿವಾಸ.